ಬಂಡೆ ಕೆತ್ತನೆ ಬೆಳಿಗ್ಗೆ, ವೈನರಿ ಮಧ್ಯಾಹ್ನ

ಉತ್ತರ ಇಟಲಿಯ ವಾಲ್ ಕಮೋನಿಕಾದ ಬಂಡೆ ಕೆತ್ತನೆ, ಫ್ರಾಂಚಾಕೋರ್ಟಾದ ವೈನರಿ ಎರಡನ್ನೂ ಒಂದೇ ದಿನ ನೋಡುವವರು ಕೆತ್ತನೆಗೆ ಮೊದಲು ಹೋಗಿ. ಕಲ್ಲಿಗೆ ಕುಟ್ಟಿ ಮಾಡಿದ ಜಿಂಕೆ, ಈಟಿ ಹಿಡಿದ ಆಳು ಎಲ್ಲ ತೀರಾ ಮೇಲುಮೇಲಿನ ಗುಳಿಗಳು. ಬಿಸಿಲು ಓರೆಯಾಗಿ ಬಿದ್ದಾಗ ಗುಳಿಯಲ್ಲಿ ನೆರಳು ನಿಂತು ಚಿತ್ರ ಎದ್ದು ಕಾಣುತ್ತದೆ. ನಡುಮಧ್ಯಾಹ್ನ ಸುಮ್ನೆ ಬೂದು ಬಂಡೆ, ಅಷ್ಟೇ. ಆ ಹೊತ್ತಿಗೆ ತಂಪಾದ ನೆಲಮಾಳಿಗೆಯಲ್ಲಿ ವೈನ್ ರುಚಿ ನೋಡಬಹುದು. ಕುಡಿದು ಬಂಡೆ ಹತ್ತುವುದೂ ತಪ್ಪುತ್ತದೆ! ವೈನರಿಗೆ ಮೊದಲೇ ಬುಕ್ ಮಾಡಿ. ಕೆತ್ತನೆಗಳಿರುವ ಕಾಪೊ ದಿ ಪೊಂತೆ ಊರಿನಿಂದ ಫ್ರಾಂಚಾಕೋರ್ಟಾ ಪಕ್ಕದ ಇಸೆಯೊ ಕಡೆಗೆ ರೈಲಿದೆ, ಕಾರು ಓಡಿಸುವವರು ಬಾಯಿ ಕಟ್ಟಿಕೊಂಡು ಕೂರಬೇಕಿಲ್ಲ. ಮೋಡ ಕವಿದ ದಿನ ಈ ಉಪಾಯ ನಡೆಯಲ್ಲ. ಬಳ್ಳಾರಿ ಹತ್ತಿರದ ಕಪ್ಪಗಲ್ಲು ಕೆತ್ತನೆಗೂ ಇದೇ ಲೆಕ್ಕ. ಆನೆಗೊಂದಿ ಬಳಿಯ ಒನಕೆ ಕಿಂಡಿಯದು ಬಣ್ಣದ ಚಿತ್ರ, ಅಲ್ಲಿ ಓರೆ ಬಿಸಿಲಿನಿಂದ ಲಾಭವಿಲ್ಲ.