ಗಾಜಿನ ಅಡಿಯಿಂದ ಕಂಡ ಅರಬ್ಬಿ ಅಕ್ಷರ: ನನ್ನ ಅನುಭವ

ಶಾರ್ಜಾದ ಬಾಡಿಗೆ ಮನೆಯ ಹಿಂದಿನ ಕೋಣೆಯಲ್ಲಿ, ಕಿಟಕಿಗೆ ಕಪ್ಪು ಬಟ್ಟೆ ಹೊದಿಸಿ, ಗಾಜಿನ ಮೇಜಿನ ಕೆಳಗೆ ಕ್ಯಾಮೆರಾವನ್ನು ಅಂಗಾತ ಮಲಗಿಸಿ ನಾನು ಅರಬ್ಬಿ ಅಕ್ಷರಗಳನ್ನು ಚಿತ್ರೀಕರಿಸತೊಡಗಿದಾಗ ನಕ್ಕವರಲ್ಲಿ ನನ್ನದೇ ವೃತ್ತಿಯ, ಅಂದರೆ ವಿಡಿಯೋ ಕೆಲಸದ, ಗೆಳೆಯರು ಹೆಚ್ಚಾಗಿದ್ದರು. ಸಾಫ್ಟ್‌ವೇರ್ ಇರುವಾಗ ಶಾಯಿ, ಕಾಗದ, ಗಾಜು ಎಂದು ಒದ್ದಾಡುವವನು ಒಂದೋ ಹುಚ್ಚ, ಇಲ್ಲವೇ ಕೆಲಸವಿಲ್ಲದವನು ಎಂಬುದು ಅವರ ತೀರ್ಮಾನವಾಗಿತ್ತು. ಶಾಲೆಗೆ ಹೋಗುವ ಮೊದಲಿನ ವಯಸ್ಸಿನ ಮಕ್ಕಳಿಗೆ ಅಕ್ಷರ ಕಲಿಸಲು ನಾನು ಆ ಕೋಣೆಯಲ್ಲಿ ಮಾಡಿದ ಇಪ್ಪತ್ತೆಂಟು ಟಿವಿ ತುಣುಕುಗಳೂ ಕೊನೆಗೆ ಪ್ರಸಾರವಾದವು. ಅಂದು ನಕ್ಕವರ ಪೈಕಿ ಇಬ್ಬರು ಈಗ ಫೋನ್ ಮಾಡಿ ಶಾಯಿಯ ಅಳತೆ ಕೇಳುತ್ತಿದ್ದಾರೆ. ಅವರಿಗೆ ಹೇಳಿದಷ್ಟನ್ನೇ ಇಲ್ಲಿಯೂ ಬರೆಯುತ್ತಿದ್ದೇನೆ.

ಅರಬ್ಬಿ ಅಕ್ಷರಮಾಲೆಯ ಕಾರ್ಯಕ್ರಮಗಳನ್ನು ನೋಡಿದವರಿಗೆ ಅದರ ಸಿದ್ಧ ಪಾಠ ಗೊತ್ತಿರುತ್ತದೆ: ಅಲಿಫ್ ಎಂದರೆ ಅರ್ನಬ್, ಅಂದರೆ ಮೊಲ, ಬಾ ಎಂದರೆ ಬತ್ತ, ಅಂದರೆ ಬಾತುಕೋಳಿ, ತಾ ಎಂದರೆ ತುಫ್ಫಾಹ, ಅಂದರೆ ಸೇಬು. ಅಕ್ಷರವೊಂದು ಒಂಟಿಯಾಗಿ ಬಂದು, ಕುಣಿದು, ಚಿತ್ರ ತೋರಿಸಿ ಹೋಗುತ್ತದೆ. ಆದರೆ ಅರಬ್ಬಿಯಲ್ಲಿ ಅಕ್ಷರ ಹಾಗೆ ಒಂಟಿಯಾಗಿ ಸಿಗುವುದೇ ಅಪರೂಪ. ಇಪ್ಪತ್ತೆಂಟರಲ್ಲಿ ಇಪ್ಪತ್ತೆರಡು ಅಕ್ಷರಗಳು ಎರಡೂ ಕಡೆ ಕೈಚಾಚಿ ನೆರೆಯವನ್ನು ಹಿಡಿದುಕೊಳ್ಳುತ್ತವೆ, ಪದದ ಮೊದಲಲ್ಲಿ ಒಂದು ರೂಪ, ನಡುವೆ ಇನ್ನೊಂದು, ಕೊನೆಯಲ್ಲಿ ಮತ್ತೊಂದು ರೂಪ ತಾಳುತ್ತವೆ. ಅಲಿಫ್, ದಾಲ್, ಧಾಲ್, ರಾ, ಝಾಯ್, ವಾವ್ ಈ ಆರು ಮಾತ್ರ ಎಡಗಡೆಯವರ ಕೈ ಹಿಡಿಯುವುದಿಲ್ಲ. ನಮ್ಮ ಕಟ್ಟಡದ ಹನ್ನೊಂದು ಮಕ್ಕಳಿಗೆ, ಅಂದರೆ ಸಿರಿಯಾ, ಸುಡಾನ್, ಈಜಿಪ್ಟ್‌ನ ಮನೆಗಳವರಿಗೆ, ನಾನೇ ಹಿಂದೆ ಮಾಡಿದ್ದ ಕುಣಿಯುವ ಬಾ ತೋರಿಸಿ, ಬಳಿಕ ಹಾಲಿನ ಪೊಟ್ಟಣ ಕೊಟ್ಟು ಹಲೀಬ್ ಎಂಬ ಪದದಲ್ಲಿ ಬಾ ಎಲ್ಲಿದೆ ಎಂದು ಕೇಳಿದರೆ, ನೆನಪಿನ ಪ್ರಕಾರ ಇಬ್ಬರೋ ಮೂವರೋ ಬೆರಳಿಟ್ಟರು. ಉಳಿದವರು ಪೊಟ್ಟಣದ ಮೇಲಿದ್ದ ಹಸುವನ್ನು ತೋರಿಸಿದರು.

ಈ ಸೋಲು ನನಗೆ ಹೊಸದೇನಲ್ಲ, ಏಕೆಂದರೆ ಅದು ನನ್ನದೇ ಸೋಲಾಗಿತ್ತು. ಉಳ್ಳಾಲದ ಕಡೆಯ ಬ್ಯಾರಿ ಮನೆಯ ಹುಡುಗನಾದ ನಾನು ಮದ್ರಸದಲ್ಲಿ ‘ಬಾ ಫತಹ್ ಬ, ಬಾ ಕಸ್ರ್ ಬಿ’ ಎಂದು ಕಾಗುಣಿತದಂತೆಯೇ ಬಾಯಿಪಾಠ ಮಾಡಿ, ಸ್ವರಚಿಹ್ನೆಗಳಿರುವ ಕುರ್‌ಆನನ್ನು ತಡೆಯಿಲ್ಲದೆ ಓದುತ್ತಿದ್ದೆ. 2007ರಲ್ಲಿ ಇಲ್ಲಿಗೆ ಬಂದಿಳಿದಾಗ ಅಂಗಡಿಯ ಬೋರ್ಡುಗಳಲ್ಲಿ ಆ ಚಿಹ್ನೆಗಳೇ ಇರಲಿಲ್ಲ. ಕಾಫ್, ತಾ, ಬಾ ಎಂಬ ಮೂರೇ ಅಕ್ಷರ ಎದುರಿಗಿದ್ದರೆ ಅದು ಕತಬ ಇರಬಹುದು, ಬರೆದನು ಎಂದು; ಕುತುಬ್ ಕೂಡ ಇರಬಹುದು, ಪುಸ್ತಕಗಳು ಎಂದು. ನಾನು ಪುಸ್ತಕದಂಗಡಿಯ ಮುಂದೆ ನಿಂತು ‘ಬರೆದನು’ ಎಂದು ಓದಿಕೊಂಡವನು. ಅಕ್ಷರ ಬಲ್ಲೆ, ಓದಲಾರೆ ಎಂಬ ಸ್ಥಿತಿ ಎಂಥದ್ದೆಂದು ನನಗೆ ಒಳಗಿನಿಂದಲೇ ಗೊತ್ತಿತ್ತು. ಮಕ್ಕಳ ಕಾರ್ಯಕ್ರಮದ ಪಂಡಿತರಲ್ಲಿ ಎಷ್ಟು ಜನರಿಗೆ ಅದು ಗೊತ್ತಿದ್ದೀತು ಎಂಬ ಅನುಮಾನ ನನಗೆ ಇಂದಿಗೂ ಇದೆ.

2014ರ ಸುಮಾರಿಗೆ ನಾನು ಒಂದು ನಿಯಮ ಮಾಡಿಕೊಂಡೆ: ಅಕ್ಷರವನ್ನು ಮೊದಲು ಒಂಟಿಯಾಗಿ ತೋರಿಸಬಾರದು, ಪದವೊಂದು ಬರೆಯಲ್ಪಡುತ್ತಿರುವಾಗಲೇ ಅಕ್ಷರ ಅದರೊಳಗೆ ಹುಟ್ಟಬೇಕು, ಒಂಟಿ ರೂಪ ಕೊನೆಯಲ್ಲಿ ಬರಬೇಕು. ಇದನ್ನು ಮೊದಲು ಕಂಪ್ಯೂಟರಿನಲ್ಲೇ ಮಾಡಲು ಹೋಗಿ ಏಳು ಸಾವಿರ ದಿರ್ಹಮ್ ಕಳೆದುಕೊಂಡೆ. ನಮ್ಮಲ್ಲಿದ್ದ ಹಳೆಯ ಸಾಫ್ಟ್‌ವೇರ್ ಆವೃತ್ತಿ ಅರಬ್ಬಿಯನ್ನು ಬಿಡಿಬಿಡಿ ಮಾಡಿ, ಎಡದಿಂದ ಬಲಕ್ಕೆ ತಿರುಗಿಸಿ ಕೂರಿಸುತ್ತಿತ್ತು. ಅರಬ್ಬಿ ಬೆಂಬಲವಿದ್ದ ಆವೃತ್ತಿಗೆ ಬೇರೆ ಹಣ ಕೊಟ್ಟು ತಂದ ಮೇಲೆ ಅಕ್ಷರಗಳು ಕೂಡಿಕೊಂಡವು, ಆದರೆ ಫಾಂಟ್ ಎಂಬುದು ಆಗಲೇ ಬರೆದು ಮುಗಿಸಿದ ವಸ್ತು, ಅದರಲ್ಲಿ ಲೇಖನಿ ನಡೆದ ದಾರಿ ಇರುವುದಿಲ್ಲ. ಗೆರೆಯ ಮೇಲೆ ಮಾಸ್ಕ್, ಅಂದರೆ ಮರೆಮಾಡುವ ಪದರ, ಎಳೆದು ಬಿಚ್ಚಿಸಿದರೆ ಪುಸ್ತಕಗಳಲ್ಲಿ ಬಳಸುವ ನಸ್ಖ್ ಲಿಪಿಯ ದಪ್ಪ, ತೆಳುಗಳು ತಿರುವಿನಲ್ಲಿ ಬಾಯಿಬಿಟ್ಟುಕೊಳ್ಳುತ್ತಿದ್ದವು. ಒಂದು ಸ್ವಾದ್ ಅಕ್ಷರಕ್ಕೆ ನಾಲ್ಕು ದಿನ ಹಿಡಿಯಿತು, ಆಮೇಲೆ ನೋಡಿದರೆ ಅದು ಹಾವು ಪೊರೆ ಬಿಡುವಂತೆ ಕಾಣುತ್ತಿತ್ತು.

ಹಾಗಾದರೆ ನಿಜವಾದ ಕೈಯನ್ನೇ ಚಿತ್ರೀಕರಿಸೋಣ ಎಂದರೆ ಅಲ್ಲಿ ಬೇರೆಯೇ ತೊಡಕು. ಬಲಗೈಯವರು ಬಲದಿಂದ ಎಡಕ್ಕೆ ಬರೆಯುವಾಗ, ಈಗಷ್ಟೇ ಮೂಡಿದ ಗೆರೆಯ ಮೇಲೆಯೇ ಅವರ ಹಸ್ತ ಬರುತ್ತದೆ. ಮಗುವಿಗೆ ಕಾಣಬೇಕಾದ ಜೋಡಣೆ ಅದೇ ಹೊತ್ತಿಗೆ ಕೈಯಡಿ ಅಡಗುತ್ತದೆ. ಉಪಾಯ ಸಿಕ್ಕಿದ್ದು ಮಲಯಾಳಿಯೊಬ್ಬರ ಕೆಫೆಟೇರಿಯಾದಲ್ಲಿ, ರಂಜಾನ್‌ಗೆ ಮೊದಲಿನ ವಾರ. ಒಳಗೆ ಕುಳಿತು ಚಹಾ ಕುಡಿಯುತ್ತಿದ್ದೆ. ಹೊರಗೆ ಪೇಂಟರ್ ಒಬ್ಬ ಗಾಜಿನ ಮೇಲೆ ಬಿಳಿ ಬಣ್ಣದಲ್ಲಿ ಇಫ್ತಾರ್ ದರಗಳನ್ನು ಬರೆಯುತ್ತಿದ್ದ. ನನ್ನ ಕಡೆಯಿಂದ ನೋಡಿದರೆ ಅವನ ಕೈ ಬಣ್ಣದ ಹಿಂದೆ ಉಳಿಯುತ್ತಿತ್ತು, ಗೆರೆ ಮಾತ್ರ ತಾನೇ ಹರಿದು ಬರುತ್ತಿತ್ತು. ಅಕ್ಷರಗಳೆಲ್ಲ ಕನ್ನಡಿಯೊಳಗಿನಂತೆ ತಿರುಗಿ ಕಾಣುತ್ತಿದ್ದವು. ಅದೇನು ದೊಡ್ಡ ಮಾತು, ಎಡಿಟಿಂಗಿನಲ್ಲಿ ಒಂದು ಗುಂಡಿ ಒತ್ತಿದರೆ ಮುಗಿಯಿತು. ಚಹಾ ಆರಿಹೋಯಿತು.

ಬರೆಯುವವರಾಗಿ ಸಿಕ್ಕಿದವರು ಸಿರಿಯಾದ ಒಬ್ಬ ಹಿರಿಯ ಲಿಪಿಕಾರರು. ನಾನು ಅವರನ್ನು ಉಸ್ತಾದ್ ಎನ್ನುತ್ತಿದ್ದೆ, ಅವರು ನನ್ನನ್ನು ಇಬ್ನೀ, ಮಗನೇ, ಎನ್ನುತ್ತಿದ್ದರು. ಹಣದ ಮಾತು ಬಂದಾಗ ಮಾತ್ರ ಆ ಮಗತನ ಇರುತ್ತಿರಲಿಲ್ಲ, ಒಂದು ಅಕ್ಷರಕ್ಕೆ ಇನ್ನೂರು ದಿರ್ಹಮ್. ಹತ್ತನೆಯ ಶತಮಾನದ ಬಗ್ದಾದಿನ ಇಬ್ನ್ ಮುಕ್ಲ ಅಕ್ಷರಗಳ ಅಳತೆಯನ್ನು ಲೇಖನಿಯ ಚುಕ್ಕೆಯಿಂದ ಕಟ್ಟಿಕೊಟ್ಟದ್ದನ್ನು ಅವರು ನಿನ್ನೆ ಮೊನ್ನೆಯ ಮಾತೆಂಬಂತೆ ಹೇಳುತ್ತಿದ್ದರು, ಅಲಿಫ್ ಒಂದು ಚುಕ್ಕೆಯಷ್ಟು ಗಿಡ್ಡವಾದರೂ ಹಾಳೆ ಹರಿದು ಹಾಕುತ್ತಿದ್ದರು. ನಾನು ಕೊಟ್ಟ ಕಾಗದ ನೋಡಿ ಮೊದಲ ದಿನ ಎದ್ದು ಹೊರಟೇಬಿಟ್ಟಿದ್ದರು.

ಕಾಗದದ ಕಥೆ ಹೀಗೆ. ಶಾಯಿ ಮೇಲಿನಿಂದ ಕೆಳಕ್ಕೆ ಕಣ್ಣಿಗೆ ಕಾಣುವಷ್ಟು ಬೇಗ ಇಳಿಯಬೇಕು, ಅಕ್ಕಪಕ್ಕಕ್ಕೆ ಹರಡಬಾರದು. ಟ್ರೇಸಿಂಗ್ ಪೇಪರಿನಲ್ಲಿ ಶಾಯಿ ಹನಿಗಟ್ಟಿ ನಿಂತಿತು, ಕಾಗದ ಮುದುಡಿತು. ಅಡುಗೆಮನೆಯ ಬಟರ್ ಪೇಪರ್ ಶಾಯಿಯನ್ನು ಒಳಗೆ ಬಿಡಲೇ ಇಲ್ಲ. ಪತ್ರಿಕೆ ಮುದ್ರಿಸುವ ಕಾಗದದಲ್ಲಿ ಚೆನ್ನಾಗಿ ಇಳಿಯಿತು, ಆದರೆ ಹರಡಿ ತಾ ಅಕ್ಷರದ ಎರಡು ಚುಕ್ಕೆಗಳು ಒಂದಾಗಿ, ಅದು ಒಂದೇ ಚುಕ್ಕೆಯ ನೂನ್ ಆಗಿಬಿಟ್ಟಿತು. ಕೊನೆಗೆ ಒಗ್ಗಿದ್ದು ಹೊಸ ಅಂಗಿಯ ಮಡಿಕೆಯೊಳಗೆ ಇಟ್ಟಿರುವ ತೆಳುವಾದ ಬಿಳಿ ಕಾಗದ. ಅದರ ಮೇಲೆ ಬಿದಿರಿನ ಕಲಮ್ ಓಡಿಸಿದರೆ ಕಾಗದ ಹರಿದುಹೋಗುತ್ತದೆ, ಆದ್ದರಿಂದ ಮಾರ್ಕರಿನ ಮೆತ್ತನೆಯ ತುದಿಯನ್ನು ಬ್ಲೇಡಿನಿಂದ ಓರೆಯಾಗಿ ಕತ್ತರಿಸಿ ಕೊಟ್ಟೆ. ಶಾಯಿಗೆ ಏನು ಬೆರೆಸಿದೆ, ಎಷ್ಟು ಬೆರೆಸಿದೆ ಎಂಬುದು ನನ್ನ ಹೊಟ್ಟೆಪಾಡಿನ ವಿಷಯವಾದ್ದರಿಂದ ಇಲ್ಲಿ ಬರೆಯುವುದಿಲ್ಲ. ಔಷಧದಂಗಡಿಯಲ್ಲಿ ಸಿಗುತ್ತದೆ ಎಂಬಷ್ಟು ಸುಳಿವು ಸಾಕು.

ಬೆಳಕು ಕ್ಯಾಮೆರಾದ ಕಡೆಯಿಂದಲೇ ಬೀಳಬೇಕು. ಮೇಲಿನಿಂದ ಒಂದು ಕಿರಣ ಬಂದರೂ ಉಸ್ತಾದರ ಹಸ್ತದ ನೆರಳು ಜೇಡದಂತೆ ಕಾಗದದ ಮೇಲೆ ಹರಿದಾಡುತ್ತದೆ. ಅಗ್ಗದ ಎಲ್‌ಇಡಿ ಪಟ್ಟಿಯನ್ನು ಡಿಮ್ಮರ್‌ನಲ್ಲಿ ತಗ್ಗಿಸಿದಾಗ ಚಿತ್ರ ಮಿನುಗಿ ಮೂರು ದಿನದ ಕೆಲಸ ಹಾಳಾಯಿತು. ಮೊದಲ ಗಾಜು ಉಸ್ತಾದರ ಮೊಣಕೈ ಭಾರಕ್ಕೆ ಬಿರುಕು ಬಿಟ್ಟಿತು. ಹತ್ತು ಮಿಲಿಮೀಟರಿನ ಟಫನ್ಡ್ ಗಾಜಿಗೆ ನಾನೂರೈವತ್ತು ಕೊಟ್ಟ ಮೇಲೆ ಗೊತ್ತಾಯಿತು, ಗಾಜು ದಪ್ಪವಾದಷ್ಟೂ ಚಿತ್ರಕ್ಕೆ ಹಸಿರು ಛಾಯೆ ಬರುತ್ತದೆ ಎಂದು. ಆಗಸ್ಟ್ ತಿಂಗಳಲ್ಲಿ ಎಸಿ ಹಾಕಿದರೆ ಕಾಗದ ಅಲುಗುತ್ತಿತ್ತು, ಆರಿಸಿದರೆ ಬೆವರು. ಶೀನ್ ಅಕ್ಷರದ ಮೂರು ಚುಕ್ಕೆಗಳ ಪಕ್ಕದಲ್ಲಿ ಉಸ್ತಾದರ ಹಣೆಯಿಂದ ನಾಲ್ಕನೆಯದೊಂದು ಬಿದ್ದ ದಿನ ಇಬ್ಬರೂ ಒಂದು ಮಾತೂ ಆಡದೆ ಊಟಕ್ಕೆ ಹೋದೆವು.

ಈ ಎಲ್ಲ ಪರದಾಟಕ್ಕೆ ಬೆಲೆ ಬಂದದ್ದು ಚುಕ್ಕೆಗಳಿಂದ. ಅರಬ್ಬಿ ಬರೆಯುವವರು ಪದದ ಮೈಯನ್ನು ಒಂದೇ ಓಟದಲ್ಲಿ ಎಳೆದು, ಆಮೇಲೆ ಹಿಂದಿರುಗಿ ಚುಕ್ಕೆ ಇಡುತ್ತಾರೆ. ಪದದ ಮೊದಲಲ್ಲಿ ಬಾ, ತಾ, ಸಾ, ನೂನ್, ಯಾ ಈ ಐದಕ್ಕೂ ಮೈ ಒಂದೇ, ಒಂದು ಪುಟ್ಟ ಹಲ್ಲಿನಂಥ ಏರು. ಚುಕ್ಕೆ ಬಿದ್ದಾಗಲೇ ಅದು ಯಾರೆಂದು ತಿಳಿಯುವುದು. ನಮ್ಮ ತುಣುಕಿನಲ್ಲಿ ಬಾಬ್ ಎಂಬ ಪದ, ಅಂದರೆ ಬಾಗಿಲು, ಮೂಡುತ್ತದೆ: ಹಲ್ಲು ಏಳುತ್ತದೆ, ಗೆರೆ ಹಾಗೆಯೇ ಮೇಲಕ್ಕೆ ಹೋಗಿ ಅಲಿಫ್ ಆಗುತ್ತದೆ, ಅಲಿಫ್ ಎಡಕ್ಕೆ ಕೈಕೊಡದ ಕಾರಣ ಎರಡನೆಯ ಬಾ ದೂರ ನಿಂತು ತನ್ನ ಪೂರ್ಣ ದೋಣಿಯಾಕಾರದಲ್ಲಿ ಹರಡಿಕೊಳ್ಳುತ್ತದೆ. ಅಲ್ಲಿ ಎಲ್ಲವೂ ನಿಲ್ಲುತ್ತದೆ. ಸಂಗೀತವಿಲ್ಲ, ಮಾತಿಲ್ಲ. ಸುಡಾನಿನ ಹುಡುಗಿಯೊಬ್ಬಳು ಟಿವಿಯ ಹತ್ತಿರ ಎದ್ದುಹೋಗಿ ಬೆರಳನ್ನು ಕೆಳಗೆ ತೋರಿಸಿ ‘ನುಕ್ತ! ನುಕ್ತ!’, ಅಂದರೆ ಚುಕ್ಕೆ, ಎಂದು ಕೂಗಿದ್ದು ಆ ವಿರಾಮದಲ್ಲಿ. ಹತ್ತು ಫ್ರೇಮ್, ಅಂದರೆ ವಿಡಿಯೋದ ಹತ್ತು ಬಿಡಿ ಚಿತ್ರಗಳಷ್ಟು ಹೊತ್ತು, ನಿಲ್ಲಿಸಿದರೆ ಮಕ್ಕಳಿಗೆ ಗೊತ್ತೇ ಆಗುವುದಿಲ್ಲ, ಐವತ್ತು ನಿಲ್ಲಿಸಿದರೆ ಮುಖ ತಿರುಗಿಸುತ್ತಾರೆ. ಸರಿಯಾದ ಸಂಖ್ಯೆ ಇವೆರಡರ ನಡುವೆ ಎಲ್ಲೋ ಇದೆ, ನನ್ನ ಟೈಮ್‌ಲೈನಿನಲ್ಲಿ ಇದೆ.

ವಾಹಿನಿಯ ಭಾಷಾ ಪರಿಶೀಲಕರು ಇದನ್ನು ಒಪ್ಪಲು ತಿಂಗಳುಗಳೇ ಹಿಡಿದವು. ಪಠ್ಯಪುಸ್ತಕ ಒಂಟಿ ಅಕ್ಷರದಿಂದ ಆರಂಭವಾಗುತ್ತದೆ, ಟಿವಿ ಹೇಗೆ ಬೇರೆ ಮಾಡೀತು ಎಂಬುದು ಅವರ ಆಕ್ಷೇಪ. ಮೇಲಾಗಿ ನಾನು ಹಿಂದಿ, ಅಂದರೆ ಭಾರತದವನು, ನನ್ನ ದ್ವಾದ್ ಅಕ್ಷರದ ಉಚ್ಚಾರ ಕರಾವಳಿಯ ಮದ್ರಸದ ಳಕಾರ. ತಮ್ಮ ನುಡಿಯನ್ನೇ ದ್ವಾದ್‌ನ ಭಾಷೆ ಎಂದು ಕರೆದುಕೊಳ್ಳುವವರ ಮುಂದೆ ನಾನು ರಂಜಾನ್ ತಿಂಗಳನ್ನು ರಮಳಾನ್ ಎಂದರೆ ಸಭೆ ಅಲ್ಲಿಗೇ ಮುಗಿಯುತ್ತಿತ್ತು. ಆದ್ದರಿಂದ ವಾದಿಸುವುದನ್ನು ಬಿಟ್ಟು, ಅದೇ ಹನ್ನೊಂದು ಮಕ್ಕಳಿಗೆ ಹೊಸ ತುಣುಕನ್ನು ವಾರವಿಡೀ ತೋರಿಸಿ, ಪರಿಶೀಲಕರೆದುರಿಗೇ ಮಕ್ಕಳ ಮುಂದೆ ಹಾಲಿನ ಪೊಟ್ಟಣ ಇಟ್ಟೆ. ಎಂಟು ಮಕ್ಕಳು ಬಾ ಮೇಲೆ ಬೆರಳಿಟ್ಟರು, ಒಂಬತ್ತೂ ಇರಬಹುದು. ಮಾದರಿ ಸಣ್ಣದು, ಒಪ್ಪುತ್ತೇನೆ. ಆದರೆ ಪರಿಶೀಲಕರು ಆ ದಿನ ಪಠ್ಯಪುಸ್ತಕದ ಮಾತೆತ್ತಲಿಲ್ಲ.

ಪದಗಳ ಆಯ್ಕೆಯಲ್ಲಿ ಮಾತ್ರ ನಾನು ಅವರಿಂದಲೇ ಕಲಿತೆ. ಕೊಲ್ಲಿ ರಾಷ್ಟ್ರಗಳ ಜಂಟಿ ಸಂಸ್ಥೆ 1979ರಲ್ಲಿ ಕುವೈತ್‌ನಿಂದ ‘ಇಫ್ತಹ್ ಯಾ ಸಿಮ್‌ಸಿಮ್’ ಎಂಬ ಮಕ್ಕಳ ಟಿವಿ ಕಾರ್ಯಕ್ರಮವನ್ನು ಆರಂಭಿಸಿದಾಗ ಎಲ್ಲ ದೇಶಗಳ ಮಕ್ಕಳಿಗೂ ತಿಳಿಯಲೆಂದು ಸರಳವಾದ ಶಿಷ್ಟ ಅರಬ್ಬಿಯನ್ನು, ಅಂದರೆ ಫುಸ್‌ಹಾವನ್ನು, ಆರಿಸಿಕೊಂಡಿತು. 2000ದಲ್ಲಿ ಈಜಿಪ್ಟಿನವರು ತಮ್ಮ ‘ಆಲಮ್ ಸಿಮ್‌ಸಿಮ್’ ಅನ್ನು ಕೈರೋದ ಆಡುಮಾತಿನಲ್ಲಿ ಮಾಡಿದರು. ನಾವು ಫುಸ್‌ಹಾದ ಕಡೆಗೇ ನಿಂತೆವು. ಆದರೂ ಬೆಕ್ಕಿನ ಚಿತ್ರ ತೋರಿಸಿ, ಗಂಟಲಿನಿಂದ ಹೊರಡುವ ಇನ್ನೊಂದು ಕಾಫ್ (ق) ಅಕ್ಷರ ಕಲಿಸಲು ಹೋಗಿ ಕೆಟ್ಟೆವು: ಪುಸ್ತಕದಲ್ಲಿ ಅದು ಕಿತ್ತ, ಕೊಲ್ಲಿಯ ಮಗುವಿಗೆ ಗತ್ವ, ಕೈರೋದ ಮಗುವಿಗೆ ಒತ್ತ, ದಮಾಸ್ಕಸಿನ ಮಗುವಿಗೆ ಬಿಸ್ಸೆ. ಕಾಫ್ ಯಾರ ಬಾಯಲ್ಲೂ ಇಲ್ಲ! ಬಾಬ್, ಶಮ್ಸ್ ಅಂದರೆ ಸೂರ್ಯ, ನೂರ್ ಅಂದರೆ ಬೆಳಕು, ಮುಂತಾಗಿ ಮನೆಯಲ್ಲೂ ಪುಸ್ತಕದಲ್ಲೂ ಹೆಚ್ಚುಕಡಿಮೆ ಒಂದೇ ರೀತಿ ಕೇಳಿಸುವ ಪದಗಳನ್ನು ಹುಡುಕಲು ಚಿತ್ರೀಕರಣಕ್ಕಿಂತ ಹೆಚ್ಚು ದಿನಗಳು ಹೋದವು.

ನನ್ನ ತಪ್ಪನ್ನೂ ಹೇಳಿಬಿಡುತ್ತೇನೆ. ಬಾ, ತಾ, ಸಾ ಮೂರರ ಒಂಟಿ ರೂಪದ ಕೊನೆಯ ಷಾಟ್‌ಗಳನ್ನು ಬೇರೆಯಾಗಿ ತೆಗೆದಿದ್ದೆ, ಅವುಗಳನ್ನು ತಿರುಗಿಸುವುದನ್ನು ಮರೆತೆ. ದೋಣಿಯಾಕಾರದ ಈ ಅಕ್ಷರಗಳು ಕನ್ನಡಿಯಲ್ಲೂ ಹೆಚ್ಚುಕಡಿಮೆ ಹಾಗೆಯೇ ಕಾಣುವುದರಿಂದ ನನ್ನ ಕಣ್ಣಿಗೂ ವಾಹಿನಿಯ ತಪಾಸಣೆಯವರ ಕಣ್ಣಿಗೂ ಬೀಳಲಿಲ್ಲ. ಐದು ವರ್ಷದ ಹುಡುಗನೊಬ್ಬ ಗೆರೆ ಎಡದಿಂದ ಬಲಕ್ಕೆ ಹೋಗುವುದನ್ನು ನೋಡಿ ‘ಇದು ಇಂಗ್ಲಿಷ್ ಬಾ’ ಎಂದ. ಮೂರನ್ನೂ ನನ್ನ ಖರ್ಚಿನಲ್ಲೇ ಮತ್ತೆ ಕಳುಹಿಸಿದೆ.

ನಡುನಡುವೆ ಮರಳು ಹರಡಿ ಬೆರಳಿನಿಂದ ಬರೆಸಿದ್ದು, ಖರ್ಜೂರದ ಪಾಕವನ್ನು ಶಾಯಿಯಾಗಿ ಬಳಸಿ ಇರುವೆ ಹತ್ತಿಸಿಕೊಂಡದ್ದು ಇವೆಲ್ಲ ಲೆಕ್ಕಕ್ಕಿಲ್ಲ. ತಂಗಿಯ ಮಗಳಿಗೆಂದು ಕನ್ನಡವನ್ನೂ ಇದೇ ಗಾಜಿನ ಮೇಲೆ ಪ್ರಯತ್ನಿಸಿದೆ. ನಮ್ಮ ಅಕ್ಷರಗಳು ಒಂದಕ್ಕೊಂದು ಅಂಟಿಕೊಳ್ಳದ ಕಾರಣ ಗೆರೆಯ ಓಟ ಸಪ್ಪೆಯಾಯಿತು. ಆದರೆ ದ ಬರೆದು ನಿಲ್ಲಿಸಿ, ಕೆಳಗಿನ ಸೀಳು ಬಂದರೆ ಧ, ಅದರ ಒಳಗೆ ಚುಕ್ಕೆಯೂ ಬಂದರೆ ಥ ಎಂಬ ವಿರಾಮ ಅವಳಿಗೆ ಬಹಳ ಹಿಡಿಸಿತು.

ಇನ್ನು ಲೆಕ್ಕ. ಒಂದೂವರೆ ನಿಮಿಷದ ತುಣುಕಿಗೆ ಎರಡು ಸಾವಿರದ ಇನ್ನೂರು ದಿರ್ಹಮ್ ಎಂದು ಮಾತಾಗಿತ್ತು, ಇಪ್ಪತ್ತೆಂಟಕ್ಕೆ ಅರವತ್ತೊಂದು ಸಾವಿರದ ಚಿಲ್ಲರೆ. ಉಸ್ತಾದರ ಸಂಭಾವನೆ, ಧ್ವನಿ, ಒಡೆದ ಗಾಜು, ಮೊದಲಿನ ಏಳು ಸಾವಿರ ಎಲ್ಲ ಸೇರಿ ಮೂವತ್ತೆಂಟು ಸಾವಿರ ಖರ್ಚಾಯಿತು, ಕೆಲಸ ಮುಗಿಯಲು ಹದಿನಾಲ್ಕು ತಿಂಗಳು ಬೇಕಾಯಿತು. ಕೊನೆಯ ಎಂಟು ತುಣುಕುಗಳ ಹಣ ಏಳು ತಿಂಗಳು ತಡವಾಗಿ ಬಂತು. ಆ ಏಳು ತಿಂಗಳು ಮದುವೆ ವಿಡಿಯೋ ಎಡಿಟ್ ಮಾಡಿ ಬಾಡಿಗೆ ಕಟ್ಟಿದೆ.

ಈಗ ಅಂಕಿಗಳ ಕೆಲಸ ಹಿಡಿದಿದ್ದೇನೆ. ಕೊಲ್ಲಿ ಮತ್ತು ಈಜಿಪ್ಟಿನ ಮಕ್ಕಳಿಗೆ ಒಂದು ಅಂಕಿಗಳ ಸರಣಿ, ಮೊರಾಕೊ ಕಡೆಯವರಿಗೆ ನಾವು ಬಳಸುವ 1, 2, 3ರ ಸರಣಿ, ಹೀಗೆ ಪ್ರತಿಯೊಂದನ್ನೂ ಎರಡೆರಡು ಸಲ ಬರೆಸಬೇಕು. ಅದರ ಮೇಲೆ, ಬಲದಿಂದ ಎಡಕ್ಕೆ ಓಡುತ್ತಿರುವ ಸಾಲಿನ ನಡುವೆ ಎರಡಂಕಿಯ ಸಂಖ್ಯೆ ಬಂದರೆ ಅದು ಎಡದಿಂದ ಬಲಕ್ಕೆ ನಿಲ್ಲುತ್ತದೆ, ಅಲ್ಲಿ ಗೆರೆಯನ್ನು ಎಲ್ಲಿ ನಿಲ್ಲಿಸಿ ಎಲ್ಲಿಂದ ಮತ್ತೆ ಹೊರಡಿಸಬೇಕು ಎಂಬುದು ಇನ್ನೂ ಹೊಂದಿಕೆಯಾಗಿಲ್ಲ. ಎರಡು ಸರಣಿಯೆಂದರೆ ಎರಡು ಪಟ್ಟು ದರ ಎಂದು ಉಸ್ತಾದರು ಮೊದಲ ದಿನವೇ ಹೇಳಿದ್ದಾರೆ; ಅಂಗಿಯ ಕಾಗದವನ್ನು ಮಾತ್ರ ಈ ಸಲ ಅವರೇ ತಂದಿದ್ದಾರೆ.