‘ಸಂಸ್ಕಾರ’ದ ಬೀದಿ ಹುಡುಕುತ್ತಾ

‘ಸಂಸ್ಕಾರ’ ಸಿನಿಮಾ ಹೇಗೆ ತಯಾರಾಯಿತು ಎಂದು ಹುಡುಕಲು ಹೊರಟಾಗ ನಾನು ಮೊದಲ ದಿನವೇ ಎಡವಿದೆ. ಸಿಕ್ಕವರನ್ನೆಲ್ಲ ಕೇಳಿದ್ದು ಒಂದೇ ಪ್ರಶ್ನೆ: ಬ್ಯಾನ್ ಆದಾಗ ಏನಾಯ್ತು?

ಅದಕ್ಕೆ ಎಲ್ಲರ ಹತ್ತಿರವೂ ಉತ್ತರವಿತ್ತು. ಹೆಚ್ಚು ಕಡಿಮೆ ಒಂದೇ ಉತ್ತರ. ಮದರಾಸಿನ ಸೆನ್ಸಾರ್ ಮಂಡಳಿ ತಡೆಯಿತು, ಆಮೇಲೆ ತಡೆ ತೆರವಾಯಿತು, 1970ರ ಅತ್ಯುತ್ತಮ ಚಿತ್ರ ಎಂಬ ರಾಷ್ಟ್ರಪ್ರಶಸ್ತಿ ಬಂತು, ಕನ್ನಡಕ್ಕೆ ಅದೇ ಮೊದಲು. ಎಲ್ಲವೂ ನಿಜವೇ. ಆದರೆ ಅದು ಅವರು ಕಂಡಿದ್ದಲ್ಲ, ಪೇಪರಿನಲ್ಲಿ ಓದಿದ್ದು. ವಿವಾದ ಎಷ್ಟು ದೊಡ್ಡದಾಗಿ ಬೆಳೆದಿತ್ತು ಅಂದರೆ, ಅದರ ಹಿಂದೆ ಸಿನಿಮಾ ಮಾಡಿದ ಕೆಲಸವೇ ಮರೆಯಾಗಿತ್ತು.

ಆಮೇಲೆ ಪ್ರಶ್ನೆ ಬದಲಾಯಿಸಿದೆ. ಶೂಟಿಂಗ್ ದಿನ ಮಳೆ ಇತ್ತಾ? ಕ್ಯಾಮೆರಾ ಎಲ್ಲಿ ನಿಲ್ಲಿಸಿದ್ದರು? ಊಟ ಯಾರ ಮನೆಯಲ್ಲಿ? ಆಗ ಮಾತು ಬೇರೆ ದಾರಿ ಹಿಡಿಯಿತು.

ಚಿತ್ರೀಕರಣ ನಡೆದದ್ದು ಶೃಂಗೇರಿ ಹತ್ತಿರದ ವೈಕುಂಠಪುರದಲ್ಲಿ. ಹೋಗುವ ಮೊದಲು ಸಿನಿಮಾವನ್ನು ಶಾಟ್ ಶಾಟ್ ನೋಡಿ, ಮನೆ, ಜಗಲಿ, ಕಂಬ ಕಾಣುವ ಚಿತ್ರಗಳನ್ನೆಲ್ಲ ತೆಗೆದಿಟ್ಟುಕೊಂಡಿದ್ದೆ. ಈ ತಯಾರಿ ಇಲ್ಲದೆ ಯಾರೂ ಸುಮ್ನೆ ಊರಿಗೆ ಹೋಗಬಾರದು. ಮೂವರು ‘ನಮ್ಮ ಮನೆ ಜಗಲಿಯಲ್ಲೇ ತೆಗೆದದ್ದು’ ಎಂದರು. ಯಾರೂ ಸುಳ್ಳು ಹೇಳುತ್ತಿರಲಿಲ್ಲ. ಐವತ್ತು ವರ್ಷದ ನೆನಪು ಹಾಗೇ ಅಲ್ವಾ? ಲ್ಯಾಪ್‌ಟಾಪ್ ಎದುರಿಗಿಟ್ಟು ಕಂಬಗಳ ನಡುವಿನ ಅಂತರ, ಮಾಡಿನ ಇಳಿಜಾರು, ಹಿಂದಿನ ಗುಡ್ಡದ ಸಾಲು, ಒಂದೊಂದನ್ನೇ ಹೋಲಿಸಿದೆವು. ಎರಡು ಜಗಲಿ ಹೊಂದಲಿಲ್ಲ. ಕಪ್ಪು ಬಿಳುಪಿನಲ್ಲಿ ನೆರಳು ಎಷ್ಟು ಚೆನ್ನಾಗಿ ಉಳಿದಿದೆ ಅಂದರೆ, ಬೆಳಿಗ್ಗೆ ತೆಗೆದ ಶಾಟ್ ಯಾವುದು, ಸಂಜೆಯದು ಯಾವುದು ಎಂದು ಆ ಮೂರನೆಯ ಜಗಲಿಯಲ್ಲಿ ಕೂತೇ ಅಂದಾಜು ಮಾಡಬಹುದಿತ್ತು. ಆಸ್ಟ್ರೇಲಿಯಾದಿಂದ ಬಂದಿದ್ದ ಛಾಯಾಗ್ರಾಹಕ ಟಾಮ್ ಕೊವನ್ ಮಲೆನಾಡಿನ ಬೆಳಕನ್ನು ಹೇಗೆ ಬಳಸಿಕೊಂಡರು ಎನ್ನುವುದು ನನಗೆ ಅರ್ಥವಾದದ್ದು ಅಲ್ಲಿ. ಯಾವ ವಿಮರ್ಶೆ ಓದಿದಾಗಲೂ ಅದು ಅರ್ಥವಾಗಿರಲಿಲ್ಲ.

ಹೆಸರಿನ ಪಟ್ಟಿಯನ್ನು ಟೈಟಲ್ ಕಾರ್ಡ್ ನಿಲ್ಲಿಸಿ ನಿಲ್ಲಿಸಿ ಬರೆದುಕೊಂಡಿದ್ದೆ. ನಿರ್ದೇಶನ ಪಟ್ಟಾಭಿರಾಮ ರೆಡ್ಡಿ, ಸಂಗೀತ ರಾಜೀವ ತಾರಾನಾಥ, ಪ್ರಾಣೇಶಾಚಾರ್ಯರಾಗಿ ಗಿರೀಶ ಕಾರ್ನಾಡ, ನಾರಣಪ್ಪನಾಗಿ ಲಂಕೇಶ್, ಚಂದ್ರಿಯಾಗಿ ಸ್ನೇಹಲತಾ ರೆಡ್ಡಿ. ಸ್ನೇಹಲತಾ ತುರ್ತುಪರಿಸ್ಥಿತಿಯಲ್ಲಿ ಜೈಲು ಸೇರಿ, 1977ರ ಜನವರಿಯಲ್ಲಿ ತೀರಿಕೊಂಡರು. ಅವರನ್ನೇ ಕೇಳಬೇಕಾಗಿದ್ದ ಪ್ರಶ್ನೆಗಳು ನನ್ನ ನೋಟ್‌ಬುಕ್‌ನಲ್ಲಿ ಈಗಲೂ ಒಂದು ಪುಟ ತುಂಬ ಇವೆ.

ಹೊರಡುವ ದಿನ ಒಬ್ಬ ಅಜ್ಜಿಗೆ ಸಿನಿಮಾ ತೋರಿಸಿದೆ. ಅವರು ಕಾರ್ನಾಡರನ್ನು ನೋಡಲೇ ಇಲ್ಲ. ಗುಂಪಿನ ಅಂಚಿನಲ್ಲಿ ನಿಂತಿದ್ದವರೊಬ್ಬರ ಮೇಲೆ ಬೆರಳಿಟ್ಟು, “ಇದು ನಮ್ಮ ಮಾವನೋರು ಮಾರಾಯ್ರೇ, ಹಿಂದೆ ಹೋಗಿ, ಇನ್ನೊಂದು ಸಲ ತೋರ್ಸಿ” ಎಂದರು. ನಾಲ್ಕು ಸಲ ತೋರಿಸಿದೆ. ಟೈಟಲ್ ಕಾರ್ಡಿನಲ್ಲಿ ಇಲ್ಲದ ಆ ಹೆಸರನ್ನು, ಶಾಟಿನ ನಿಮಿಷ ಸೆಕೆಂಡ್ ಸಮೇತ, ನನ್ನ ಪಟ್ಟಿಗೆ ಸೇರಿಸಿಕೊಂಡೆ.