ಅಂಟಿಲ್ಲದೆ ನಿಂತ ಅಚಾವೊ ಇಗರ್ಜಿಯ ಮಾದರಿ: ನನ್ನ ಅನುಭವ

ಚಿಲಿ ದೇಶದ ಚಿಲೋಯೆ ದ್ವೀಪಸಮೂಹದಲ್ಲಿ, ಕಿಂಚಾವೊ ದ್ವೀಪದ ಅಚಾವೊ ಊರಿನಲ್ಲಿರುವ ಲೊರೆಟೊ ಮಾತೆಯ ಇಗರ್ಜಿಯು (ಚರ್ಚು) 18ನೇ ಶತಮಾನದ ಮೊದಲ ಅರ್ಧದಲ್ಲಿ, ಜೆಸ್ವಿಟ್ ಪಾದ್ರಿಗಳ ಕಾಲದಲ್ಲಿ, ಕಬ್ಬಿಣದ ಮೊಳೆಯ ಬದಲು ಮರದ ಮೊಳೆಗಳಿಂದ ಜೋಡಿಸಿ ಕಟ್ಟಿದ ಕಟ್ಟಡ. 1:25 ಅಳತೆಯಲ್ಲಿ ಅದರ ಮಾದರಿ ಮಾಡುವುದಾದರೆ ಅದೇ ಕ್ರಮದಲ್ಲಿ ಮಾಡಬೇಕು, ಎಲ್ಲಿಯೂ ಅಂಟು ತಾಗಬಾರದು ಎಂದು ನಾನು ಹಟ ಹಿಡಿದಾಗ ಮಾದರಿ ಕಟ್ಟುವವರ ನಮ್ಮ ಬಳಗದಲ್ಲಿ ಒಪ್ಪಿದವರಿಲ್ಲ. ಒಂದು ಮಿಲಿಮೀಟರ್ ದಪ್ಪದ ಮೊಳೆ ಬಡಿಯುವಾಗಲೇ ಮುರಿಯುತ್ತದೆ ಎಂಬುದು ಅವರ ವಾದವಾಗಿತ್ತು. ಮಾದರಿಯು ಬೇಸಿಗೆ, ಮಳೆಗಾಲ ಎರಡನ್ನೂ ದಾಟಿ ಒಂದು ಸಂದೂ ಬಿಡದೆ ನಿಂತಿರುವುದರಿಂದ ಈಗ ಬರೆಯುತ್ತಿದ್ದೇನೆ.

ಕಂಬ, ತೊಲೆಗಳಿಗೆ ಕೆಡವಿದ ಮನೆಯ ಹಳೆಯ ಸಾಗುವಾನಿ ಕಿಟಕಿ ಚೌಕಟ್ಟುಗಳನ್ನು ಕೊಂಡೆ. ಎಲ್ಲ ಸೇರಿ ಮೂರು ಸಾವಿರದ ಆಸುಪಾಸು ಆಗಿರಬೇಕು. ಬಲಿಪೀಠದ ಸುರುಳಿ ಕಂಬಗಳಿಗೆ ಮಾತ್ರ ಚನ್ನಪಟ್ಟಣದ ಗೊಂಬೆಗಳಿಗೆ ಬಳಸುವ ಹಾಲೆ ಮರ ಬೇಕಾಯಿತು, ಏಕೆಂದರೆ ಅಷ್ಟು ಸಣ್ಣ ಕೆತ್ತನೆಗೆ ಸಾಗುವಾನಿಯ ಎಳೆ ಒರಟು.

ಸೋತದ್ದೆಲ್ಲ ಮೊಳೆಯಲ್ಲಿ. ಸಾಗುವಾನಿಯಿಂದಲೇ ತೆಗೆದ ಮೊಳೆಗಳು ತುಂಡಾದವು. ಅಗರಬತ್ತಿ ಕಡ್ಡಿ ಅಗ್ಗವೆಂದು ಒಂದು ಕಟ್ಟು ತಂದರೆ, ಅದರ ಒಳಭಾಗ ಮೆತ್ತಗಿದ್ದು ತಲೆ ಜಜ್ಜಿಹೋಯಿತು. ಕೊನೆಗೆ ಕೈಗೆ ಬಂದದ್ದು ಚೆನ್ನಾಗಿ ಒಣಗಿದ ಹೆಬ್ಬಿದಿರಿನ ಹೊರಸಿಪ್ಪೆಯ ಭಾಗ. ಅದನ್ನು ಗರಗಸದಿಂದ ಕೊಯ್ಯದೆ ಎಳೆಯುದ್ದಕ್ಕೂ ಸೀಳಿ, ಅಕ್ಕಸಾಲಿಗರು ತಂತಿ ಎಳೆಯುವ ಕಂಬಚ್ಚಿನಲ್ಲಿ ದೊಡ್ಡ ತೂತಿನಿಂದ ಸಣ್ಣ ತೂತಿಗೆ ಇಳಿಸುತ್ತ ಎಳೆದಾಗ ದುಂಡಗಿನ, ನೇರವಾದ ಕಡ್ಡಿ ಬಂತು. ಆ ಕಡ್ಡಿಯನ್ನು ಬೆಚ್ಚಗಿನ ಹೆಂಚಿನ ಮೇಲಿಟ್ಟು ತೇವವೆಲ್ಲ ಹೋಗುವಂತೆ ಒಣಗಿಸಿ, ಬಿಸಿ ಆರುವ ಮೊದಲೇ ಬಡಿಯಬೇಕು. ಮುಂದೆ ಗಾಳಿಯ ತೇವ ಹೀರಿ ಅದು ತೂತಿನೊಳಗೇ ಉಬ್ಬಿ ಬಿಗಿಯುತ್ತದೆ. ಎರಡು ಮರಗಳ ತೂತುಗಳನ್ನು ಒಂದಕ್ಕೊಂದು ಕೂದಲೆಳೆಯಷ್ಟು ತಪ್ಪಿಸಿ ಕೊರೆದರೆ ಸಂದು ತಾನಾಗಿ ಎಳೆದುಕೊಳ್ಳುತ್ತದೆ. ಎಷ್ಟು ತಪ್ಪಿಸಬೇಕು, ಮೊಳೆಯ ತುದಿಗೆ ಏನು ಸವರಬೇಕು ಎಂಬುದನ್ನು ಸದ್ಯಕ್ಕೆ ನನ್ನಲ್ಲೇ ಇಟ್ಟುಕೊಳ್ಳುತ್ತೇನೆ.

ಹೋಲಿಸಿ ನೋಡಲೆಂದು ಒಂದು ಗೋಡೆಯನ್ನು ಬೇರೆಯಾಗಿ ಅಂಟು ಹಾಕಿಯೂ ಮಾಡಿದ್ದೆ. ಮಾರ್ಚ್ ಬಿಸಿಲಿಗೆ ಹಲಗೆಗಳು ಕುಗ್ಗಲು ಜಾಗವಿಲ್ಲದೆ ನಡುವೆಯೇ ಸೀಳಿದವು. ಮೊಳೆ ಹೊಡೆದ ಗೋಡೆ ಸ್ವಲ್ಪ ಸರಿದಾಡಿ ಉಳಿಯಿತು. ಸದಾ ಮಳೆ ಗಾಳಿಗೆ ಒಡ್ಡಿಕೊಂಡ ಆ ದ್ವೀಪದಲ್ಲಿ, ದೋಣಿ ಕಟ್ಟಿ ಪಳಗಿದ ಬಡಗಿಗಳ ಕೆಲಸ ಇಷ್ಟು ಕಾಲ ಬಾಳಿದ್ದರಲ್ಲಿ ಈ ಸಡಿಲಿಕೆಗೂ ಪಾಲಿದೆ ಎಂಬುದು ನನ್ನ ದೃಢ ಅಭಿಪ್ರಾಯ.

ಒಳಗಿನ ಕಮಾನು ಛಾವಣಿ ಭಾರ ಹೊರುವುದಿಲ್ಲ, ಮೇಲಿನ ಮಾಡಿನ ಚೌಕಟ್ಟಿಗೆ ತೂಗುಬಿದ್ದಿರುತ್ತದೆ. ಇದು ತಿಳಿದಿದ್ದರೆ ಆ ಕೆಲಸ ಸುಲಭ: ತೆಳು ಪಟ್ಟಿಗಳನ್ನು ಇಡ್ಲಿ ಪಾತ್ರೆಯ ಹಬೆಯಲ್ಲಿ ಬಾಗಿಸಿ ಕಟ್ಟಿದೆ.

ಮರದ ಹೆಂಚುಗಳ ಮೇಲೆ ಅಗತ್ಯಕ್ಕಿಂತ ಹೆಚ್ಚು ಕಾಲ ಕಳೆದರೂ ಅದರಲ್ಲಿ ನನಗೆ ತುಂಬ ಸಂತೋಷ ಸಿಕ್ಕಿತು. ಚಿಲೋಯೆಯಲ್ಲಿ ಅಲೆರ್ಸೆ ಮರವನ್ನು ಸೀಳಿ ಹೆಂಚು ಮಾಡಿ ಹೊರಮೈಗೆ ಹೊದಿಸುವುದು ಪದ್ಧತಿಯಾಗಿತ್ತು. ಬದುಕಿರುವ ಅಲೆರ್ಸೆ ಮರವನ್ನು ಕಡಿಯುವುದು 1976ರಿಂದ ನಿಷಿದ್ಧ. ಬಿಸಿಲು ಮಳೆಗೆ ಅದು ತಿರುಗುವ ಬೂದು ಬಣ್ಣಕ್ಕಾಗಿ ತುಕ್ಕು ಹಿಡಿದ ಮೊಳೆಗಳನ್ನು ವಿನೆಗರ್‌ನಲ್ಲಿ ವಾರಗಟ್ಟಲೆ ನೆನೆಹಾಕಿ, ಮೊದಲು ಗಟ್ಟಿ ಚಹಾ, ಮೇಲೆ ಆ ನೀರು ಸವರಿದೆ. ಸಿಲ್ವರ್ ಓಕ್ ಸೀಳುಗಳಿಗೆ ಸರಿಯಾದ ಬೂದು ಬಂತು, ಸಾಗುವಾನಿ ಮಾತ್ರ ಕಪ್ಪಾಯಿತು. ಕೊಯ್ದ ಹೆಂಚುಗಳು ದೋಣಿಯಂತೆ ಬಾಗಿದವು, ಸೀಳಿದವು ಸಪಾಟಾಗಿಯೇ ಕೂತವು.

ಸಣ್ಣ ಡ್ರಿಲ್ ಬಿಟ್‌ಗಳಿಗೇ ಮರಕ್ಕಿಂತ ಹೆಚ್ಚು ಹಣ ಹೋಯಿತು, ಐದಾರು ಸಾವಿರ ಇರಬಹುದು. ಒಟ್ಟು ಖರ್ಚು ಹದಿನೈದು ಸಾವಿರದೊಳಗೆ ನಿಂತಿತು. ಗೋಪುರದ ಎಂಟುಮೂಲೆಯ ಮೇಲಂತಸ್ತು ಇನ್ನೂ ಬಾಕಿಯಿದ್ದು, ಅದಕ್ಕೆ ಬೇಕಾದ ಮೊಳೆಗಳನ್ನು ಎಳೆದು ಡಬ್ಬಿಯಲ್ಲಿ ಸುಣ್ಣದ ಗಂಟಿನೊಡನೆ ಮುಚ್ಚಿಟ್ಟಿದ್ದೇನೆ. ಅಂದು ವಾದ ಮಾಡಿದವರಲ್ಲಿ ಇಬ್ಬರು ಅದೇ ಮೊಳೆಗಳನ್ನು ಕೇಳಿ ಪಡೆದು ತಮ್ಮ ಹಡಗಿನ ಮಾದರಿಗಳಿಗೆ ಬಳಸುತ್ತಿದ್ದಾರೆ.